ಹದಿನಾಲ್ಕನೇ ನಂಬರಿನ ಮನೆ

ಹದಿನಾಲ್ಕನೇ ನಂಬರಿನ ಮನೆ ಈಗ ಮೇಘನಾ ನದಿಯೊಳಗಿದೆ.
ನಂಬರು ಮಾತ್ರ ನನ್ನ ದಫ್ತರದಲ್ಲಿ, ನೆನೆಯದೆ ಉಳಿದಿದೆ.

ಮೊದಲ ಸಲ ಹೋದಾಗ ನನಗೆ ಹತ್ತೊಂಬತ್ತು.
ಹೆಗಲಿಗೆ ಚೀಲ, ಕೈಯಲ್ಲಿ ಕೊಡೆ,
ಹುಟ್ಟಿಗೆ ನೀಲಿ ಶಾಯಿ, ಸಾವಿಗೆ ಕಪ್ಪು.
ಫುಲ್ಜಾನ್ ಬೀಬಿ ಬಾಗಿಲಲ್ಲೇ ತಡೆದಳು:
"ಎಣಿಸಬೇಡ ತಾಯಿ, ಎಣಿಸಿದ್ದು ಉಳಿಯುವುದಿಲ್ಲ."
ಆಮೇಲೆ ತಾನೇ ಬೆರಳು ಮಡಚಿದಳು.
ಹೆತ್ತದ್ದು ಒಂಬತ್ತು. ಅಂಗಳದಲ್ಲಿ ನಾಲ್ಕು.
ಹಲಸಿನ ಬುಡದಲ್ಲಿ ಐದು.
ಭತ್ತ ಬಿತ್ತುವವರ ಧಾಟಿಯಲ್ಲೇ ಅಂದಳು:
ಹಕ್ಕಿಗಿಷ್ಟು, ನೆರೆಗಿಷ್ಟು, ನಮಗಿಷ್ಟು.

ಆ ವರ್ಷ ಮೊದಲು ಮುಗಿದದ್ದು ಕಪ್ಪು ಶಾಯಿ.

ಆಮೇಲೆ ಬಂತು ಒಂದು ಚಿಟಿಕೆ ಉಪ್ಪು, ಒಂದು ಹಿಡಿ ಬೆಲ್ಲ,
ಕುದಿಸಿ ಆರಿಸಿದ ಅರ್ಧ ಸೇರು ನೀರು.
ನಾನೇ ಕಲಿಸಿದೆ, ಮನೆಮನೆಗೆ:
ರುಚಿ ನೋಡಿ ಕುಡಿಸಿ, ಕಣ್ಣೀರಿಗಿಂತ ಉಪ್ಪಾಗಬಾರದು.
ಲಸಿಕೆಯ ಡಬ್ಬಿ ದೋಣಿಯಲ್ಲಿ ಬಂತು,
ಮಂಜುಗಡ್ಡೆ ಕರಗುವ ಮುನ್ನ ಹುಟ್ಟು ಹಾಕಿ ಹಾಕಿ.
ಸಾವು ನಿಂತಿತೆಂದಲ್ಲ,
ಈ ದಂಡೆಗೆ ಬರುವುದು ಕಡಿಮೆ ಮಾಡಿತು.
ಬಸಿರಿಗೆ ಮಾತ್ರ ಆ ಸುದ್ದಿ ಮುಟ್ಟಲಿಲ್ಲ,
ಅದು ಹಳೆಯ ಲೆಕ್ಕವನ್ನೇ ಬಿತ್ತುತ್ತಿತ್ತು.

ಹದಿನೈದು ವರ್ಷ
ಒಂದು ಚಾಪೆಗೆ ಆರು ತಲೆ, ಒಂದು ಸ್ಲೇಟಿಗೆ ಮೂರು ಕೈ.
ಹೊಲ ಮಾತ್ರ ಅಷ್ಟೇ. ಅಲ್ಲ,
ನದಿ ತಿಂದು ಇನ್ನೂ ಕಡಿಮೆ.
ಹಾಳೆ ಸಾಲದೆ ನಾನು ಅಂಚಿನಲ್ಲಿ ಬರೆದೆ.

ಮೊದಲು ನಂಬಿದವರು ಯಾರೋ, ದಫ್ತರದಲ್ಲಿ ಅದಕ್ಕೆ ಕಾಲಮ್ಮಿಲ್ಲ.
ಒಂದು ಮಧ್ಯಾಹ್ನ ಫುಲ್ಜಾನಳ ಸೊಸೆ ಕೋಹಿನೂರ್
ಎರಡನೆಯದಕ್ಕೆ ಹಾಲೂಡುತ್ತ ದನಿ ತಗ್ಗಿಸಿದಳು:
"ಆಪಾ, ಇವೆರಡೂ ಉಳಿಯುತ್ತವೆ, ಅಲ್ಲವೇ?"
ಆಣೆ ಇಡಬಾರದು, ಅದು ನೌಕರಿಯ ನಿಯಮ.
ಇಟ್ಟೆ.
ನಾನು ಕೊಟ್ಟ ಮಾತ್ರೆಗಳನ್ನು ಅವಳು
ಅತ್ತೆಗೆ ಕಾಣದಂತೆ ಅಕ್ಕಿಯ ಮಡಕೆಯಲ್ಲಿ ಹುಗಿದಳು.
ಅತ್ತೆ ಕಂಡಿದ್ದಳು.
ದಿನವೂ ಅದೇ ಮಡಕೆಯಿಂದ ಅಕ್ಕಿ ಅಳೆದಳು,
ಸುಮ್ಮನೆ.

ಕೋಹಿನೂರಳ ಮಗಳು ಗಾಜಿಪುರದಲ್ಲಿ ಅಂಗಿ ಹೊಲಿಯುತ್ತಾಳೆ,
ಅವಳಿಗೆ ಒಬ್ಬನೇ. ಇನ್ನೊಂದು? ಎಂದರೆ
ಬಾಡಿಗೆ ಎಷ್ಟೆಂದು ನನ್ನನ್ನೇ ಕೇಳುತ್ತಾಳೆ.
ನನ್ನ ನೀಲಿ ಸೀಸೆಯ ತಳದಲ್ಲಿ ಶಾಯಿ ಹೆಪ್ಪಾಗಿದೆ.
ಕಪ್ಪಿನಲ್ಲಿ ಬರೆಯುವುದು ಎಂಬತ್ತೊಂದು, ಎಂಬತ್ತಾರು,
ಕೈ ನಡುಗದೆ ಬರೆಯಬಹುದಾದ ಅಂಕಿಗಳು.

ಹೋದ ತಿಂಗಳು ಫುಲ್ಜಾನ್.
ಹೊಸ ಹುಡುಗಿ ಗಾಜಿನ ಪಾಟಿ ಹಿಡಿದು ಬಂದಿದ್ದಳು.
ವಯಸ್ಸು? ಯಾರೂ ಬರೆದಿಟ್ಟಿರಲಿಲ್ಲ.
ಮಕ್ಕಳೆಷ್ಟು?
"ಒಂಬತ್ತು," ಎಂದೆ.
"ಇದು ಇರುವವರನ್ನಷ್ಟೇ ಕೇಳುತ್ತದೆ, ಆಪಾ."
ನಾಲ್ಕು ಎಂದು ಒತ್ತಿದಳು.

ಹಲಸಿನ ಮರವೂ ಈಗ ನೀರಿನಲ್ಲಿದೆ.
ದಂಡೆಯಲ್ಲಿ ನಿಂತು ಒಂಬತ್ತು ಬೆರಳು ಮಡಚಿದೆ,
ಹತ್ತನೆಯದಕ್ಕೆ ಕೊಡೆ ಸಿಕ್ಕಿಸಿಕೊಂಡು.