ಅಂಚಿನ ಲೆಕ್ಕ

ವಡಗಾವಿಯ ನಮ್ಮ ಓಣಿಯಾಗ
ಮಳಿ ಎಷ್ಟು ಬಿತ್ತಂತ ರೇಡಿಯೋ ಕೇಳೂದಿಲ್ಲ ಯಾರೂ.
ಕುಣಿಮಗ್ಗದಾಗ ಕಾಲು ಇಳಿಬಿಟ್ಟು ಕುಂತ್ರ ಸಾಕು:
ಹಿಮ್ಮಡಕ್ಕ ತಂಪು ತಗಲಿದ್ರ ಆಷಾಢ,
ಮೀನಖಂಡಕ್ಕ ಬಂದ್ರ ಶ್ರಾವಣ,
ಮೊಣಕಾಲು ಮುಟ್ಟಿದ ದಿವಸ
ಹಾಸು ಕತ್ತರಿಸಿ ಅಟ್ಟಕ್ಕ ಏರಿಸೂದು.

ರಾಕಸಕೊಪ್ಪದ ನೀರಿಗೆ ನಳದ ಮುಂದ
ಕೊಡ ಇಟ್ಟು ಸರದಿ ಕಾಯ್ತೀವಿ.
ಬ್ಯಾಡಾದ್ದು ಮಾತ್ರ ಚಾವಿ ಇಲ್ಲದಽ ಒಳಗ ಬರತೈತಿ,
ಕರ್ರಗ, ಊರ ಮಂದಿಯ ಸಾಬೂನು ಹೊತಗೊಂಡು.

ಅತ್ತಿ ಬಾಳವ್ವ ಈ ಕುಣಿ ತೋಡಿಸಿದಾಗ
ಎಂಥಾ ಮಳಗಾಲಕ್ಕೂ ಒಣಾನಽ ಇರತಿತ್ತಂತ.
ಆಗ ಬಳ್ಳಾರಿ ನಾಲಾದ ಎರಡೂ ಮಗ್ಗಲಿಗೆ ಜವುಳು,
ಆಳೆತ್ತರ ಆಪು,
ಕಾಲಿಟ್ರ ಚಪ್ಪಲಿ ನುಂಗೂ ನೆಲ.
ಯಾರಿಗೂ ಬ್ಯಾಡಾಗಿತ್ತದು.
ಬಾಳವ್ವ ಅಷ್ಟಽ ಹೋಗಿ ಬೇರು ಕಿತ್ತು ತರತಿದ್ಲು,
ನೂಲಿಗೆ ಗಂಜಿ ಹಚ್ಚೂ ಕುಂಚ ಕಟ್ಟಾಕ.

ಆಮ್ಯಾಲೆ ಆ ನೆಲಕ್ಕ ಬೆಲೆ ಬಂತು.
ರಾತ್ರಿ ಟಿಪ್ಪರ್ ಬಂದ್ವು.
ಕೆಡವಿದ ಮನಿಗಳ ಇಟ್ಟಂಗಿ, ಒಡದ ಸಂಡಾಸಿನ ಬಟ್ಟಲ,
ಯಾರದೋ ಜಗಲಿಯ ಅರ್ಧ ದೇವರು,
ಎಲ್ಲಾ ತಂದು ಸುರುವಿ ಸಪಾಟು ಮಾಡಿದ್ರು.
ನಾಕು ಕಲ್ಲು ಹುಗಿದು ನಮ್ಮವರೂ ಒಂದು ಪ್ಲಾಟ್ ಹಿಡದ್ರು.
ಸುಳ್ಳ್ಯಾಕ ಹೇಳ್ಲಿ,
ಮುಂಗಡಕ್ಕ ಹೋದದ್ದು ನನ್ನ ಪಾಟ್ಲಿ,
ನಾನಽ ಬಿಚ್ಚಿ ಕೊಟ್ಟಿದ್ದೆ.

ಮೊನ್ನೆ ಪಾಲಿಕೆಯಿಂದ ಅನಸೂಯಾ ಹಣಬರ ಬಂದಿದ್ಲು,
ಸಣ್ಣ ವಯಸ್ಸು, ಕೆಸರಿನ ಬೂಟು.
ನಕಾಶೆ ಬಿಡಿಸಾಕ ಜಾಗ ಸಾಲದಽ
ನನ್ನ ಮಗ್ಗದ ಮ್ಯಾಲೆ ಹಾಸಿದ್ಲು:
ಅರ್ಧ ನೇಯ್ದ ಸೀರಿ ಕೆಳಗ, ಬೆಳಗಾವಿ ಮ್ಯಾಲೆ.
ನಾಲಾಕ್ಕ ಒಂದು ನೀಲಿ ಗೀಟು.
ಅದರ ಎರಡೂ ಕಡೆ ಹಸಿರು ಪೆನ್ಸಿಲ್ ಮಲಗಿಸಿ
ಮಬ್ಬು ಮಬ್ಬಾಗಿ ತಿಕ್ಕಿದ್ಲು.
"ಇದು ಬಫರ್."
"ಹಂಗಂದ್ರ?"
"ಏನೂ ಕಟ್ಟಬಾರದ ಜಾಗ, ಕಾಕೂ.
ನೀರು ಹಬ್ಬಾಕ, ತುಸು ಕುಂದ್ರಾಕ, ಇಂಗಾಕ.
ಹೊಲಸು ಜೊಂಡಿನ ಬೇರಾಗ ಹಾದು ತಿಳಿ ಆಗಾಕ."

ನಗು ಬಂತು ನನಗ.
ಇಷ್ಟಕ್ಕ ಇಂಗ್ಲಿಷ್ ಯಾಕ ಬೇಕಿತ್ತ ಮಗಳಽ,
ಅಂಚು ಅನ್ನು.
ಲಾಳಿ ಓಡಿ ಬಂದು ತಿರುಗೂದು ಎಲ್ಲಿ?
ಅಲ್ಲಿ ಎಳಿ ಜೋಡಿ ಹಾಕ್ತೀವಿ, ಗಟ್ಟಿ ಇಡ್ತೀವಿ.
ತಿರುಗಾಕ ಜಾಗ ಕೊಡದಿದ್ರ
ಹೊಕ್ಕು ಬಿಗಿತೈತಿ,
ಹಾಸು ಹರಿತೈತಿ,
ಸೀರಿ ಮಡಚಿದಲ್ಲೆಲ್ಲಾ ಬಾಯಿ ಬಿಡತೈತಿ.
ನೀರೂ ಒಂದು ಲಾಳಿನಽ.
ನೀವು ಊರು ನೇಯ್ದ್ರಿ, ಅಂಚು ಮಾರಿಕೊಂಡ್ರಿ.

ಆಕಿ ಬರಕೊಂಡ್ಲು. ಪೆನ್ಸಿಲ್ ಕಿವಿಗೆ ಸಿಗಿಸಿ,
ದನಿ ಇಳಿಸಿ ಕೇಳಿದ್ಲು:
"ಈ ಹಸಿರಿನೊಳಗ ನಿಮ್ಮದೂ ಒಂದು ಐತಲ್ಲ, ಕಾಕೂ?"

ಪಕ್ಕದ ಮನಿಯ ವಿದ್ಯುತ್ ಮಗ್ಗ
ಖಟಕ್ ಖಟಕ್ ಅಂತ ನನ್ನ ಪರವಾಗಿ ಮಾತಾಡಿತು.
ಹುಡುಗಿ ನಕಾಶೆ ಸುತ್ತಿಕೊಂಡು ಹೋದ್ಲು.
ಸೀರಿಯ ಮ್ಯಾಲೆ ಹಸಿರು ಪುಡಿ ಉಳಿದಿತ್ತು,
ಝಾಡಿಸಿದ್ರ ಹೋಗಲಿಲ್ಲ.

ಪ್ಲಾಟಿನ ಕಾಗದ ಟ್ರಂಕಿನಾಗ,
ಟ್ರಂಕು ಅಟ್ಟದ ಮ್ಯಾಲೆ,
ಮನಿಯಾಗ ಎಲ್ಲಕ್ಕಿಂತ ಎತ್ತರದಾಗ:
ನೆನಿಬಾರದಂತ.

ರಾತ್ರಿಯಿಡೀ ಹೊಯ್ದ ಮಳಿ ನಸುಕಿಗೆ ತಡೀತು.
ಯಾರಿಗೂ ಹೇಳದಽ ನಡದು ಹೋದೆ.
ಮೂರು ಕಲ್ಲು ಮುಳುಗಿದ್ವು.
ನಾಕನೇದರ ಮ್ಯಾಲೆ ಒಂದು ನೀರುಕೋಳಿ ನಿಂತು
ರೆಕ್ಕಿಯೊಳಗ ಕೊಕ್ಕು ಹಾಕಿ ಏನೋ ಹುಡುಕತಿತ್ತು.
ಇಟ್ಟಂಗಿಯ ಸಂದಿಯಾಗ, ನಮ್ಮ ಪ್ಲಾಟಿನ ನಟ್ಟನಡು,
ಆಪಿನ ಎರಡು ಕುಡಿ.
ಅಭ್ಯಾಸಬಲ, ಒಂದನ್ನ ಕಿತ್ತೆ.
ಕುಂಚಕ್ಕಾಗೂವಷ್ಟು ಬೇರು ಇನ್ನೂ ಇಲ್ಲ,
ಕೂಸಿನ ಕೂದಲಿನಷ್ಟು.
ಅದನ್ನ ಅಲ್ಲೇ ಊರಿ, ಮಣ್ಣು ಒತ್ತಿ ಬಂದೆ.

ಮನಿಯಾಗ ಇನ್ನೂ ಹೇಳಿಲ್ಲ.