ಮೂರು ಪ್ರತಿ

ಶಿವಮೊಗ್ಗದ ಕೋರ್ಟಿನೆದುರು, ಜೆರಾಕ್ಸ್ ಅಂಗಡಿಯ ಪಕ್ಕ
ಇಪ್ಪತ್ತಾರು ವರ್ಷದಿಂದ ಬೇರೆಯವರ ಮಾತು ಕುಟ್ಟುತ್ತ ಬಂದವಳು ನಾನು.
ಪುಟಕ್ಕಿಷ್ಟು ಎಂದು ದರ. ಕಣ್ಣೀರಿಗೆ ಬೇರೆ ದರವಿಲ್ಲ,
ಸುಳ್ಳಿಗೂ ಇಲ್ಲ.

ಸೋಮವಾರ ತುಮರಿ ಕಡೆಯಿಂದ ಹನ್ನೊಂದು ಮಂದಿ ಬಂದರು,
ಲಾಂಚು ಇಳಿದು, ಎರಡು ಬಸ್ಸು ಹತ್ತಿ.
ಮುಂದೆ ಕನ್ನಪ್ಪ, ಹಿಂದೆ ಕೊಡೆ ಹಿಡಿದ ಚೌಡಮ್ಮ,
ನಡುವೆ ಕರಿಕೋಟು ಇನ್ನೂ ಮೈಗೊಗ್ಗದ ವಕೀಲ ಹುಡುಗಿ ಸಬೀಹಾ.
"ಹೈಕೋರ್ಟಿಗೆ ಜಡ್ಜ್ ಆಗೋರ ಪಟ್ಟಿಯಲ್ಲಿ ಅವರ ಹೆಸರಿದೆ.
ಆಗಬಾರದು ಅಂತ ದಿಲ್ಲಿಗೆ ಬರೀಬೇಕು, ಅಕ್ಕ."

ಅವರು.
ಈಗ ಬೆಂಗಳೂರಲ್ಲಿ ದೊಡ್ಡವರು. ಇಲ್ಲಿದ್ದಾಗ
ನನ್ನನ್ನು 'ಅಮ್ಮಾ' ಎಂದವರು, ಒಂದು ರೂಪಾಯಿ ಬಾಕಿ ಇಟ್ಟವರಲ್ಲ.
ಮಗಳಿಗೆ ಡೆಂಗಿ ಬಂದಾಗ ಮೆಗ್ಗಾನ್ ಆಸ್ಪತ್ರೆಗೆ
ಎಳನೀರು ಹಿಡಿದು ಬಂದು
ವಾರ್ಡಿನ ಬಾಗಿಲಲ್ಲಿ ಶೂ ಕಳಚಿದವರು.

ಕುಟ್ಟಿದೆ. 'ಮಾನ್ಯರೇ' ಎಂದು ಶುರು.
ಅಣೆಕಟ್ಟಿಗೆ ಊರು ಕೊಟ್ಟವರ ಮೊಮ್ಮಕ್ಕಳು ನಾವು,
ಆ ನೀರಿನ ಕರೆಂಟು ನಮ್ಮ ಮನೆಗೇ ತಡವಾಗಿ ಬಂತು,
ಹಕ್ಕುಪತ್ರ ಇನ್ನೂ ಬಂದಿಲ್ಲ.
ಎರಡನೇ ಪುಟದಲ್ಲಿ ಬೆರಳು ನಿಂತಿತು.
ಸರ್ಕಾರದ ಪರ ನಿಂತು ಅಂದು ಅವರು ಆಡಿದ ಮಾತು:
"ಮುಳುಗಿದೋರಿಗೆ ಹಕ್ಕುಪತ್ರ ಬೇರೆ ಕೇಡು."

"ದಾಖಲೆಯಿಲ್ಲ," ಎಂದಳು ಸಬೀಹಾ, ತುಟಿ ಕಚ್ಚಿ.
"ಆರ್ಡರ್ ಶೀಟ್ ತೆಗೆಸಿ ನೋಡಿದೆ, ಒಂದಕ್ಷರ ಇಲ್ಲ.
ಸರ್ಕಾರದ ಪರ ವಾದಿಸಿದ್ದು ತಪ್ಪಲ್ಲ, ಅದು ಕಸುಬು.
ನಮಗಿರೋದು ಆ ಮಾತೊಂದೇ.
ಚೌಡಮ್ಮ ಕೇಳಿದ್ದಾರೆ, ಆದರೆ ಅವರು ಕಕ್ಷಿದಾರರು."

ಚೌಡಮ್ಮ ಕೊಡೆ ಮಡಚಿ ನನ್ನನ್ನೇ ನೋಡಿದಳು.
ಅಂದು ಆಕೆ ಕೊನೇ ಬೆಂಚಿನಲ್ಲಿ;
ತಿದ್ದಿದ ಪ್ರತಿ ಕೊಡಲು ಹೋದ ನಾನು ಗೋಡೆಗೊರಗಿ.
ಮಾತು ಬಿತ್ತು. ಯಾರೋ ನಕ್ಕರು.
ಸ್ಟೆನೋ ಪೆನ್ನೆತ್ತಿ ಫ್ಯಾನಿನ ಕಡೆ ನೋಡಿದ,
ಆಮೇಲೆ ಮುಂದಿನ ವಾಕ್ಯ ಬರೆದುಕೊಂಡ.

ನನಗಿರುವುದು ಒಂದು ಮೇಜು, ತಗಡಿನ ಮರೆ,
ವಕೀಲರ ಸಂಘದ ಬಾಯಿಮಾತಿನ ಅನುಮತಿ.
ಅದಕ್ಕೂ ದಾಖಲೆಯಿಲ್ಲ.

ಎಳನೀರು ನೆನಪಾಯಿತು. ಸಿಹಿಯಿತ್ತು, ಸುಳ್ಳೇಕೆ.

ಹೊಸ ಹಾಳೆ ಏರಿಸಿದೆ, ನಡುವೆ ಎರಡು ಕಾರ್ಬನ್.
'ಪ್ರಮಾಣಪತ್ರ.
ಲಾಜರಸ್ ಅವರ ಮಗಳಾದ ಎಮಿಲಿಯಾ ಎಂಬ ನಾನು...'
ಆ ಜಾಗದಲ್ಲಿ ಸಾವಿರಾರು ಅಪ್ಪಂದಿರ ಹೆಸರು ಕುಟ್ಟಿದ ಬೆರಳು
ನನ್ನಪ್ಪನ ಕಾಗುಣಿತವನ್ನೇ ತಪ್ಪಿತು.
ಬಿಳಿ ಹಚ್ಚಿ, ಒಣಗಲೆಂದು ಊದಿದೆ.

"ನಿಮ್ಮ ಹೆಸರಾ ಅಕ್ಕ?" ಸಬೀಹಾ ಬಗ್ಗಿದಳು.
"ಇದೊಂದು ಪುಟ ಬಿಟ್ಟು ಲೆಕ್ಕ ಹಾಕು," ಎಂದೆ.

ಪಟ್ಟಿಯಿಂದ ಅವರ ಹೆಸರು ಹೋಗುತ್ತದೋ ಇಲ್ಲವೋ, ದಿಲ್ಲಿ ದೂರ.
ಮೂರನೇ ಪ್ರತಿ ಮಸುಕು; ಅದು ನನ್ನ ಡ್ರಾಯರಿನಲ್ಲಿದೆ.
ಮಧ್ಯಾಹ್ನ ಅವರ ಹಳೇ ಆಫೀಸಿನ ಹುಡುಗ ಬಂದ,
ಎಂದಿನಂತೆ, ಕಂಕುಳಲ್ಲಿ ಫೈಲು.
ಬೆರಳಿಗೆ ಹತ್ತಿದ ನೀಲಿಯನ್ನು ಸೆರಗಿಗೆ ಒರೆಸಿ
"ಕೂತ್ಕೋ ಮಾರಾಯ," ಎಂದೆ, "ಎಷ್ಟು ಪ್ರತಿ?"