ಮುಳಗುಂದ ನಾಕಾದ ಟಿವಿ ಅಂಗಡಿ

ಮುಳಗುಂದ ನಾಕಾದಾಗ ನಂದೊಂದು ಟಿವಿ ರಿಪೇರಿ ಅಂಗಡಿ.
ಸಂಜಿ ಏಳೂವರಿಗೆ ಬಂದು ನಿಲ್ಲಾಂವ ಮೋದಿನಸಾಬ,
ಚಪ್ಪಲ್ ಹೊರಗ ಬಿಟ್ಟು.
‘ಇವತ್ತ ನಂದೈತಿ’ ಅಂತಿದ್ದ. ಅಷ್ಟ.

ಹದಿನಾಕು ಟಿವಿ ಒಮ್ಮೆಲೆ ಹಚ್ಚತಿದ್ದೆ.
ಒಂದರಾಗ ಅವನ ಮಾರಿ ಹಸರ,
ಒಂದರಾಗ ಟೋಪಿ ಕೆಳಗ, ಮೀಸಿ ಮ್ಯಾಲ, ನಡುವ ಕರೇ ಪಟ್ಟಿ,
ಕಿರಾಣಿ ಸಾವಕಾರ್ರ ಸೆಟ್ಟಿನಾಗ ಬರೇ ಇರಿವಿ,
ಇರಿವಿಯೊಳಗ ಯಾರೋ ಕೈ ಎತ್ತಿಧಂಗ.
ಹದಿನಾಕು ಮಂದಿ ಪೋಸ್ಟಮನ್ನರು ಕೂಡಿ ಅಂದ್ರು:
‘ಅಮ್ಮಾ, ಟಪಾಲು.’
ನಾಯಕಿ ಬಾಗಲಾ ಹಾಕಿದ್ಲು. ಮುಗೀತು.

ಬರಕೊಟ್ಟ ಮಾತು ‘ಪೋಸ್ಟ್’ ಅಂತಿತ್ತಂತ.
ಬಾಯಾಗಿಂದ ಬ್ಯಾರೆ ಬಂತು, ಯಾರೂ ಗಮನಿಸಲಿಲ್ಲ.
ಅದರ ಸಲುವಾಗಿ ಎರಡು ರಾತ್ರಿ ಬಸ್ಸು,
ಮುನ್ನೂರು ರೂಪಾಯಿ, ಅದರಾಗ ಊಟದ ಕಡತ.

ಮೊದಲ ಕಂಪನಿ ನಾಟಕದಾಗ ಇದ್ದಾಂವ.
ಕಂಪನಿ ಗದಗಿನಾಗ ಮುರದು ಬಿದ್ದಾಗ
ಮಾಲೀಕ ಪಗಾರದ ಬದಲಿ ಕೊಟ್ಟಿದ್ದು ಒಂದು ಡಬ್ಬಿ ಮೀಸಿ.
ಆ ಡಬ್ಬಿ ಮ್ಯಾಲ ಹದಿನಾರು ವರ್ಷ ತಗದ:
ಫೌಜದಾರನ ಹಿಂದ ನಿಲ್ಲೂ ಪೇದೆ,
ಮದುವಿ ಪಂಕ್ತಿಯಾಗ ‘ಇನ್ನೊಂದು ಹೋಳಿಗಿ’ ಅನ್ನೂ ಬೀಗ,
ಡಾಕ್ಟರ್ ಎಂಟು ಸಲ, ಎಂಟೂ ಸಲ ಪೇಶಂಟ್ ಸತ್ತ.
ಒಮ್ಮೆ ಭಟ್ಟರ ಪಾತ್ರ. ಪಂಚಾಂಗ ತಲಿಕೆಳಗ ಕೊಟ್ಟಿದ್ರು.
‘ಯಾರು ನೋಡ್ತಾರ್ರೀ’ ಅಂದ್ರ
‘ನಾ ನೋಡೀನಲ್ಲ’ ಅಂದು ತಿರುವಿ ಹಿಡದ.

ನಮ್ಮ ಕಡಿ ಮಾತು ಕೇಳಿ ಅಲ್ಲಿ ನಗತಿದ್ರಂತ.
‘ಹಾಗೇ ಮಾತಾಡಿ ಸಾರ್, ಕಾಮಿಡಿ ಬರತ್ತೆ.’
‘ನಮ್ಮವ್ವ ಸತ್ತಾಗ ಇದ ಮಾತಿನಾಗ ಅತ್ತೇನಿ’ ಅಂದ,
ಅವರಿಗಲ್ಲ,
ನನಗ, ಚಾ ಕುಡಕೋತ, ಮೂರು ತಿಂಗಳ ಮ್ಯಾಲ.

ಹೆಸರು ಒಂದ ಸಲ ಬಂತು, ಕಡೀಕ, ಓಡೂ ಅಕ್ಷರದಾಗ.
ಮೋದಿನಸಾಬ ಬಿಂಕದಕಟ್ಟಿ ಅಂತಲ್ಲ,
‘ಮೋಹನ್ ಬಿ. ಕೆ.’
ನಾ ಸಿಟ್ಟಿಗೆದ್ದೆ. ಅಂವ ನಕ್ಕ:
‘ಬಿಂಕಾನೂ ಹೋತು, ಕಟ್ಟೀನೂ ಹೋತು. ಹಗರಾತು ಬಿಡೋ.’
ಆದ್ರ ಹೋಗೂಮುಂದ
ಎಡದ ಚಪ್ಪಲ್ ಬಲಕ್ಕ ಮೆಟ್ಟಿಕೊಂಡು ಹ್ವಾದ.

ಅಂವನ ಮಣ್ಣಿಗೆ ಹೋಗಿ ಬಂದು ವರ್ಷಾಗಿರಬೇಕು,
ಬೆಟಗೇರಿಯಿಂದ ಒಂದು ಸೆಟ್ ಬಂತು, ನೇಕಾರರದು.
ಚಿತ್ರ ಐತಿ, ಧ್ವನಿ ಇಲ್ಲ.
‘ಮಗ್ಗದ ಸಪ್ಪಳದಾಗ ಯಾವಾಗ ಹೋತೋ ತಿಳೀಲೇ ಇಲ್ರಿ.’
ಹಿಂದಿನ ಡಬ್ಬಿ ಬಿಚ್ಚಿ ಒಂದು ವೈರ್ ಬೆಸೀತಿದ್ದೆ.
ಎದುರಿನ ಕನ್ನಡ್ಯಾಗ ಮಧ್ಯಾಹ್ನದ ಮರುಪ್ರಸಾರ,
ಕನ್ನಡ್ಯಾಗ ಅಂವ,
ಖಾಕಿ ಟೋಪಿ, ಆ ಡಬ್ಬಿ ಮೀಸಿ, ಕೈಯಾಗ ಲಕೋಟಿ.
ಬಾಯಿ ತಗದ.

‘ಅಮ್ಮಾ, ಟಪಾಲು’ ಅಂದೆ ನಾನ.

ಆತೇನ್ರಿ ರಿಪೇರಿ? ಅಂದ್ರು.
ಇಲ್ಲ. ನಾಳೆ ಬರ್ರಿ.